‘ಸೆಟ್’ ಎಂಬ ಒಂದೇ ಪದ: ನಿಮ್ಮ ಕಸುಬಿನಲ್ಲಿ ಅದಕ್ಕೇನು ಕೆಲಸ?

ಹೈಸ್ಕೂಲ್ ಟೀಚರ್ (ಹಾವೇರಿ ಜಿಲ್ಲೆ)

ಎಲ್ಲರಿಗೂ ನಮಸ್ಕಾರ. ಸರ್ಕಾರಿ ಹೈಸ್ಕೂಲಿನಲ್ಲಿ ಇಂಗ್ಲಿಷ್ ಕಲಿಸುತ್ತೇನೆ. ಕನ್ನಡ ಮಾಧ್ಯಮದಲ್ಲಿ ಎಸ್ಸೆಸ್ಸೆಲ್ಸಿ ಮುಗಿಸಿ ಪಿಯುಸಿ ಸೈನ್ಸ್ ಸೇರುವ ಮಕ್ಕಳು ಮೊದಲ ಕೆಲವು ತಿಂಗಳು ಎಷ್ಟು ಒದ್ದಾಡುತ್ತಾರೆ ಎನ್ನುವುದು ಇಲ್ಲಿ ಬಹಳ ಜನರಿಗೆ ಗೊತ್ತು. ಅವರನ್ನು ಸೋಲಿಸುವುದು ದೊಡ್ಡ ಪದಗಳಲ್ಲ. ಫೋಟೊಸಿಂಥೆಸಿಸ್ ಎಂದರೆ ದ್ಯುತಿಸಂಶ್ಲೇಷಣೆ. ಒಂದಕ್ಕೊಂದು, ಕಲಿತರೆ ಮುಗಿಯಿತು. ಕಾಡುವುದು ಪುಟ್ಟ ಪದಗಳು, ಅದರಲ್ಲೂ ‘ಸೆಟ್’.

ಮೊದಲ ಪಿಯುಸಿ ಗಣಿತ ಪುಸ್ತಕದ ಮೊದಲ ಅಧ್ಯಾಯವೇ ಸೆಟ್ಸ್. ಪಕ್ಕದ ತರಗತಿಯಲ್ಲಿ ಫಿಸಿಕ್ಸ್ ಮೇಷ್ಟ್ರು ‘ಸೆಟ್ ಎಕ್ಸ್ ಈಕ್ವಲ್ ಟು ಝೀರೊ’ ಅನ್ನುತ್ತಾರೆ. ಲ್ಯಾಬಿನಲ್ಲಿ ‘ಸೆಟ್ ಅಪ್ ದಿ ಅಪರೇಟಸ್’. ಕೆಮಿಸ್ಟ್ರಿಯಲ್ಲಿ ಪ್ಲಾಸ್ಟರ್ ಆಫ್ ಪ್ಯಾರಿಸ್ ಸೆಟ್ ಆಗುತ್ತದೆ. ಮಗು ಡಿಕ್ಷನರಿ ತೆಗೆದರೆ ಪುಟಗಟ್ಟಲೆ ಅರ್ಥ. 1989ರಲ್ಲಿ ಬಂದ ಆಕ್ಸ್‌ಫರ್ಡ್ ನಿಘಂಟಿನ 20 ಸಂಪುಟಗಳ ಆವೃತ್ತಿಯಲ್ಲಿ ಅತಿ ಉದ್ದದ ನಮೂದು ಇದೇ ಪದದ್ದು. 430 ಅರ್ಥ, ಸುಮಾರು 60,000 ಪದಗಳ ವಿವರಣೆ. ಆಮೇಲಿನ ಪರಿಷ್ಕರಣೆಯಲ್ಲಿ ‘ರನ್’ ಅದನ್ನೂ ಮೀರಿಸಿತು, ಕ್ರಿಯಾಪದವಾಗಿಯೇ 645 ಅರ್ಥ.

ನನಗೆ 430 ಬೇಡ. ಮಕ್ಕಳ ಕೈಗೆ ಕೊಡಲು ಎರಡು ಪುಟ ಸಾಕು. ಆದರೆ ಅದನ್ನು ನಿಘಂಟಿನಿಂದ ಇಳಿಸಿಕೊಳ್ಳುವ ಬದಲು ಕೆಲಸ ಮಾಡುವವರ ಬಾಯಿಂದ ಕೇಳಿ ಬರೆಯಬೇಕು ಅನ್ನಿಸಿದೆ. ನಿಮ್ಮ ನಿಮ್ಮ ಕಸುಬಿನಲ್ಲಿ ‘ಸೆಟ್’ ಎಲ್ಲಿ ಬರುತ್ತದೆ, ಅಲ್ಲಿ ಕನ್ನಡದಲ್ಲಿ ಏನಂತೀರಿ, ದಯವಿಟ್ಟು ಹೇಳಿ.

ಸೈಟ್ ಎಂಜಿನಿಯರ್, ತುಮಕೂರು

ಮೇಡಂ, ಒಳ್ಳೆಯ ಕೆಲಸ. ನಮ್ಮಲ್ಲಿ ದಿನ ಬೆಳಗಾದರೆ ಈ ಪದವೇ. ಸಿಮೆಂಟಿಗೆ ನೀರು ಬಿದ್ದ ಗಳಿಗೆಯಿಂದ ಲೆಕ್ಕ ಶುರು. ಸಾಮಾನ್ಯ ಸಿಮೆಂಟ್ 30 ನಿಮಿಷದೊಳಗೆ ಬಿಗಿಯಲು ಶುರುವಾಗಬಾರದು, 600 ನಿಮಿಷದೊಳಗೆ ಪೂರ್ತಿ ಬಿಗಿದಿರಬೇಕು. ಇದು ಭಾರತೀಯ ಮಾನಕ. ಲ್ಯಾಬಿನಲ್ಲಿ ಇದನ್ನು ನೋಡಲು ಒಂದು ಸೂಜಿ ಇರುತ್ತದೆ, ವಿಕಾಟ್ ಸೂಜಿ ಅಂತ. ಕಲಸಿದ ಸಿಮೆಂಟಿನ ಮೇಲೆ ಅದನ್ನು ಬಿಟ್ಟರೆ ಮೊದಮೊದಲು ತಳದವರೆಗೂ ಇಳಿಯುತ್ತದೆ. ಸ್ವಲ್ಪ ಹೊತ್ತಾದ ಮೇಲೆ ತಳಕ್ಕೆ ಮುಟ್ಟದೆ ಅದಕ್ಕಿಂತ ಸ್ವಲ್ಪ ಮೇಲೆಯೇ ನಿಂತುಬಿಡುತ್ತದೆ. ಅದು ಮೊದಲ ಸೆಟ್. ಇಷ್ಟು ಸಮಯ ಸಿಗಲಿ ಅಂತಲೇ ಕಾರ್ಖಾನೆಯಲ್ಲಿ ಜಿಪ್ಸಮ್ ಬೆರೆಸುವುದು. ಇಲ್ಲದಿದ್ದರೆ ಬಾಣಲಿಯಲ್ಲೇ ಕಲ್ಲಾಗಿಬಿಡುತ್ತದೆ.

ಮಕ್ಕಳಿಗೆ ಇದೊಂದು ಮಾತ್ರ ಬಿಡದೆ ಹೇಳಿ: ಸೆಟ್ ಆಗುವುದು ಬೇರೆ, ಗಟ್ಟಿಯಾಗುವುದು ಬೇರೆ. ಮೋಲ್ಡ್ ಹಾಕಿದ ಮಾರನೇ ದಿನ ಮೇಲೆ ಓಡಾಡಬಹುದು, ಸೆಟ್ ಆಗಿರುತ್ತದೆ. ಆದರೆ ಅದರ ಬಲವನ್ನು ಅಳೆಯುವುದು 28ನೇ ದಿನಕ್ಕೆ. ನಡುವೆ ನೀರುಣಿಸುತ್ತಲೇ ಇರಬೇಕು. ‘ಸೆಟ್ ಆಯ್ತಲ್ಲ ಸಾರ್’ ಅಂತ ಕ್ಯೂರಿಂಗ್ ನಿಲ್ಲಿಸುವವರನ್ನು ನಾನು ಪ್ರತಿ ಸೈಟಿನಲ್ಲೂ ತಡೆಯುತ್ತೇನೆ. ಕನ್ನಡದಲ್ಲಿ ನಮ್ಮ ಮೇಸ್ತ್ರಿಗಳು ‘ಮಾಲು ಬಿಗೀತಾ ಇದೆ, ಬೇಗ ಕರಣೆ ಹಾಕು’ ಅಂತಾರೆ. ‘ಬಿಗಿ’ ಬರೆದುಕೊಳ್ಳಿ.

ನಿವೃತ್ತ ಸಂಸ್ಕೃತ ಅಧ್ಯಾಪಕ, ಧಾರವಾಡ

ಟೀಚರ್ರೀ, ಮೊದಲಿಗೆ ಒಂದು ಮಾತು ಹೇಳ್ತೀನಿ. ಇದು ಒಂದು ಪದ ಅಲ್ಲ, ಎರಡು. ಇಂಗ್ಲಿಷಿನ ಒಳಗ ಎರಡು ಹೊಳಿ ಕೂಡ್ಯಾವ.

ಮೊದಲನೇದು ‘ಸಿಟ್’ ಅನ್ನೋ ಕ್ರಿಯಾಪದದ ಪ್ರೇರಣಾರ್ಥಕ. ನಾವು ಕೂಡು–ಕೂಡ್ರಿಸು, ಏಳು–ಎಬ್ಬಿಸು ಅಂತೀವಲ್ಲ, ಹಂಗ ಅವರು ಸಿಟ್–ಸೆಟ್, ಲೈ–ಲೇ, ಫಾಲ್–ಫೆಲ್ (ಬೀಳು–ಬೀಳಿಸು) ಅಂತ ಮಾಡಿಕೊಂಡಾರ. ಸೆಟ್ ಅಂದ್ರ ಕೂಡ್ರಿಸು. ಸೂರ್ಯ ಸೆಟ್ ಆಗೋದು ಅಂದ್ರ ಅವರ ಕಣ್ಣಿಗೆ ಸೂರ್ಯ ಕೂಡತಾನ. ನಮ್ಮ ಕಣ್ಣಿಗೆ ಬೀಳತಾನ. ‘ಪಡು’ ಅಂದ್ರ ಬೀಳು, ಅದಕ್ಕ ಪಡುವಣ. ‘ಮೂಡು’ವ ದಿಕ್ಕು ಮೂಡಣ.

ಎರಡನೇದು ಗುಂಪು ಅನ್ನೋ ಅರ್ಥದ ಸೆಟ್. ಅದು ಹಳೇ ಫ್ರೆಂಚಿನ ಮ್ಯಾಲೆ ಹಾಯ್ದು ಲ್ಯಾಟಿನ್ನಿನ ‘ಸೆಕ್ಟಾ’ದಿಂದ ಬಂದದ್ದು. ಹಿಂದ ನಡೆಯೋವರು, ಒಂದು ಪಂಥದವರು ಅಂತ ಅರ್ಥ. ‘ಸೆಕ್ಟ್’ ಅನ್ನೋ ಪದ ಅದರ ಒಡಹುಟ್ಟು. ಎರಡೂ ಒಂದೇ ಉಚ್ಚಾರಕ್ಕ ಬಂದು ನಿಂತಾಗ ಅರ್ಥ ಒಂದರೊಳಗೊಂದು ಹರಿದಾವ. ಮಕ್ಕಳಿಗೆ ಇಷ್ಟು ತಿಳಿದ್ರ ಅರ್ಧ ಗಾಬರಿ ಹೋಗ್ತದ: ಕೂಡ್ರಿಸೋ ಸೆಟ್ ಒಂದು, ಗುಂಪಿನ ಸೆಟ್ ಒಂದು.

ಇನ್ನೊಂದು. ಇಂಗ್ಲಿಷಿನ ‘ಸಿಟ್’ ಮತ್ತು ಸಂಸ್ಕೃತದ ‘ಸದ್’ ಧಾತು ಒಂದೇ ಬೇರಿನವು. ಸದನ ಅಂದ್ರ ಕೂಡೋ ಜಾಗ. ಪರಿಷತ್ತು ಅಂದ್ರ ಸುತ್ತ ಕೂತವರು. ಉಪನಿಷತ್ತಿನೊಳಗೂ ಅದೇ ಧಾತು, ಹತ್ತಿರ ಕೂತು ಕಲಿತದ್ದು. ಹಕ್ಕಿ ಗೂಡಿಗೆ ಸಂಸ್ಕೃತದಾಗ ‘ನೀಡ’, ಇಂಗ್ಲಿಷಿನಾಗ ‘ನೆಸ್ಟ್’. ಎರಡೂ ‘ಕೆಳಗ ಕೂಡು’ ಅನ್ನೋ ಒಂದೇ ಹಳೇ ಮಾತಿನಿಂದ ಹುಟ್ಟಿದ್ದು. ಇಷ್ಟು ದೂರದ ಬಳಗ ನೋಡಿದಾಗ ನನಗ ಈ ವಯಸ್ಸಿನಾಗೂ ಮೈ ಜುಮ್ ಅಂತದ.

ಹಾಸನದ ಓದುಗ

ಗುರುಗಳೇ, ನಮ್ಮ ‘ಸೆಟೆ’ಗೂ ಇದಕ್ಕೂ ಸಂಬಂಧ ಇರಬಹುದೇ? ಚಳಿಗೆ ಸೆಟೆದುಕೊಂಡ, ಸೆಟೆದು ನಿಂತ ಅಂತೀವಿ. ಎಂಜಿನಿಯರ್ ಸಾಹೇಬರು ಹೇಳಿದ ಬಿಗಿಯುವ ಅರ್ಥವೇ ಅಲ್ಲವೇ ಅದು?

ನಿವೃತ್ತ ಸಂಸ್ಕೃತ ಅಧ್ಯಾಪಕ, ಧಾರವಾಡ

ಇಲ್ಲಪ್ಪ. ‘ಸೆಟೆ’ ಅಚ್ಚಗನ್ನಡ, ‘ಸೆಡೆ’ ಅಂತಲೂ ಐತಿ. ಸಿಮೆಂಟ್ ನಮ್ಮ ನಾಡಿಗೆ ಬರೂದಕ್ಕ ಎಷ್ಟೋ ಮೊದಲಿನ ಮಾತು. ದನಿ, ಅರ್ಥ ಎರಡೂ ಹತ್ತಿರ ಬಂದದ್ದು ಯೋಗಾಯೋಗ. ಆದರ ನೆನಪಿಡಲಿಕ್ಕೆ ಮಕ್ಕಳಿಗೆ ಒಳ್ಳೇ ಹಿಡಿಕಿ ಅದು. ಸಂಬಂಧ ಇಲ್ಲ ಅಂತ ಹೇಳಿಯೇ ಉಪಯೋಗಿಸಬಹುದು.

ಕಬ್ಬು-ಭತ್ತ, ಮಂಡ್ಯ

ನಮ್ಗೆ ಸೆಟ್ ಅಂದ್ರೆ ಮೊದ್ಲು ಬರೋದು ಪಂಪ್‌ಸೆಟ್ಟು ಕಣಕ್ಕ. ಕರೆಂಟ್ ಆಫೀಸಿನೋರು ಐಪಿ ಸೆಟ್ ಅಂತ ಬರೀತಾರೆ, 10 ಎಚ್‌ಪಿವರ್ಗೂ ಬಿಲ್ ಇಲ್ಲ. ಮೋಟ್ರು, ಪಂಪು ಎರಡೂ ಜೋಡಿಯಾಗಿ ಇರ್ತವಲ್ಲ, ಅದಕ್ಕೇ ಸೆಟ್ಟು. ಆದ್ರೆ ‘ಮೋಟ್ರು ಆನ್ ಮಾಡು’ ಅಂತೀವೇ ಹೊರತು ‘ಸೆಟ್ ಆನ್ ಮಾಡು’ ಅಂತ ಯಾರೂ ಅನ್ನಲ್ಲ. ಸೆಟ್ಟು ಅನ್ನೋದು ಕಾಗ್ದದ ಮೇಲೆ, ಸಾಲದ ಅರ್ಜಿ, ಮೀಟ್ರು ಪುಸ್ತಕ ಅಂತಾವಲ್ಲಿ.

ಕೃಷಿ ಇಲಾಖೆ ಇಂಗ್ಲಿಷ್ ಪುಸ್ತಕದಲ್ಲಿ ಕಬ್ಬಿನ ಬಿತ್ತನೆ ತುಂಡಿಗೂ ಸೆಟ್ ಅಂತಾನೇ ಇರ್ತದೆ, ಟೀ ಅಕ್ಷರ ಎರಡು ಹಾಕಿ ಬರೀತಾರೆ. ನಾವು ಕಣ್ಣಿನ ಲೆಕ್ಕ ಹೇಳ್ತೀವಿ: ಎರಡು ಕಣ್ಣಿನ ತುಂಡು, ಮೂರು ಕಣ್ಣಿನ ತುಂಡು. ಕಣ್ಣು ಅಂದ್ರೆ ಗೆಣ್ಣಿನ ಹತ್ರ ಮೊಳಕೆ ಬರೋ ಜಾಗ. ತುಂಡು ಮಾಡೋವಾಗ ಮಚ್ಚು ಮೊಂಡಾಗಿರಬಾರ್ದು, ಕಣ್ಣಿಗೆ ಪೆಟ್ಟು ಬೀಳಬಾರ್ದು.

ಇನ್ನು ಮಾವು, ಟೊಮೇಟೊದಲ್ಲಿ ‘ಫ್ರೂಟ್ ಸೆಟ್’ ಅಂತಾರೆ. ನಾವು ‘ಕಾಯಿ ಕಟ್ತು’ ಅಂತೀವಿ. ಹೂವೆಲ್ಲಾ ಬಿಟ್ಟು ಕಾಯಿ ಕಟ್ಟದೇ ಹೋದ್ರೆ ಹೊಟ್ಟೆಗೆ ಬೆಂಕಿ ಬಿದ್ದಂಗೆ. ಆ ಹೊತ್ತಲ್ಲಿ ಮೋಡ ಮುಚ್ಕೊಂಡ್ರೆ ಸಾಕು, ಭಯ.

ಹೈಸ್ಕೂಲ್ ಟೀಚರ್ (ಹಾವೇರಿ ಜಿಲ್ಲೆ)

ಅಣ್ಣಾ, ‘ಕಟ್ಟು’ ಹೇಳಿ ನನ್ನ ಕಣ್ಣು ತೆರೆಸಿದಿರಿ. ಹಾಲು ಹೆಪ್ಪುಕಟ್ಟುತ್ತದೆ, ಕಾಯಿ ಕಟ್ಟುತ್ತದೆ, ಪಾಕ ಆರಿದಾಗ ಬರ್ಫಿ ಕಟ್ಟುತ್ತದೆ. ಇಂಗ್ಲಿಷಿನಲ್ಲಿ ಇಷ್ಟಕ್ಕೂ ಸೆಟ್. ಅಂದರೆ ಸಡಿಲವಾಗಿದ್ದದ್ದು ಒಂದು ಆಕಾರಕ್ಕೆ ಬಂದು ನಿಲ್ಲುವ ಅರ್ಥಕ್ಕೆ ನಮ್ಮಲ್ಲಿ ‘ಕಟ್ಟು’ ಮೊದಲಿಂದಲೂ ಇದೆ. ಹೊಸ ಪದ ಟಂಕಿಸುವ ಅಗತ್ಯವೇ ಇಲ್ಲ.

ಪಿ.ಟಿ. ಮೇಷ್ಟ್ರು, ದಕ್ಷಿಣ ಕನ್ನಡ

ನಮ್ಮಲ್ಲಿ ಎರಡು ಸೆಟ್ ಉಂಟು ನೋಡಿ. ಓಟದ್ದು ಒಂದು, ವಾಲಿಬಾಲಿನದ್ದು ಒಂದು.

ಓಟದಲ್ಲಿ ‘ಆನ್ ಯುವರ್ ಮಾರ್ಕ್ಸ್’ ಅಂದಾಗ ಗೆರೆಯ ಹಿಂದೆ ಕೈಯೂರಿ ಕೂರುವುದು. ‘ಸೆಟ್’ ಅಂದಾಗ ಸೊಂಟ ಎತ್ತಿ ಅಲ್ಲಾಡದೆ ನಿಲ್ಲುವುದು. ಆಮೇಲೆ ಗುಂಡಿನ ಸದ್ದು. ಇಲ್ಲಿ ಸೆಟ್ ಅಂದರೆ ಕೂರುವುದಲ್ಲ, ಅಣಿಯಾಗುವುದು. ಅದೂ 400 ಮೀಟರಿನವರೆಗೆ ಮಾತ್ರ. 800, 1500ರಲ್ಲಿ ‘ಸೆಟ್’ ಹೇಳುವ ಕ್ರಮವೇ ಇಲ್ಲ, ಮಾರ್ಕ್ಸ್ ಆದ ಕೂಡಲೇ ಗುಂಡು. ಶಾಲೆಯ ಕ್ರೀಡಾಕೂಟದಲ್ಲಿ ಎಲ್ಲ ಓಟಕ್ಕೂ ಹೇಳುತ್ತಾರೆ, ಅದು ಅಭ್ಯಾಸವಾಗಿಹೋಗಿದೆ.

ವಾಲಿಬಾಲಿನಲ್ಲಿ 25 ಅಂಕ ಆದರೆ ಒಂದು ಸೆಟ್, ಎರಡು ಅಂಕದ ಅಂತರ ಬೇಕು. ಐದನೇ ಸೆಟ್ 15ಕ್ಕೆ. ಅದೇ ಆಟದಲ್ಲಿ ಹೊಡೆಯುವವನಿಗೆ ಚೆಂಡು ಎತ್ತಿಕೊಡುವುದೂ ಸೆಟ್, ಎತ್ತಿಕೊಡುವವ ಸೆಟ್ಟರ್. ನಮ್ಮ ಊರ ಮ್ಯಾಚುಗಳಲ್ಲಿ ಅವನಿಗೆ ‘ಲಿಫ್ಟರ್’ ಅಂತಲೇ ಹೆಸರು. ಮಾರಾಯ್ರೆ, ರಾತ್ರಿ ಲೈಟು ಹಾಕಿ ಆಡುವ ಮ್ಯಾಚಿನಲ್ಲಿ ಚಪ್ಪಾಳೆಯೆಲ್ಲ ಸ್ಮ್ಯಾಷ್ ಹೊಡೆದವನಿಗೆ ಹೋಗುತ್ತದೆ. ಆದರೆ ತಂಡ ನಿಂತಿರುವುದು ಲಿಫ್ಟರಿನ ಬೆರಳ ತುದಿಯಲ್ಲಿ. ಚೆಂಡು ಕೈಯಲ್ಲಿ ಒಂದು ಕ್ಷಣ ಹೆಚ್ಚು ನಿಂತರೂ ಫೌಲ್. ಹೊಡೆಯುವವನ ಎತ್ತರ, ಅವನು ಹಾರುವ ಗಳಿಗೆ, ಎದುರಿನ ಬ್ಲಾಕ್ ಎಲ್ಲಿ ಉಂಟು, ಎಲ್ಲವನ್ನೂ ನೋಡಿ ಕೊಡಬೇಕು. ಹೊಂದಿಸಿ ಕೊಡುವುದು ಅಂದರೆ ಸರಿಯಾದೀತು.

ಸೆಟ್ ದೋಸೆ ಅಭಿಮಾನಿ, ಬೆಂಗಳೂರು

ಯಾರೂ ಹೇಳಲಿಲ್ಲವಲ್ಲ! ತಟ್ಟೆಗೆ ಮೂರು ದೋಸೆ ಸೇರಿಸಿ ಕೊಡುವುದರಿಂದ ಸೆಟ್ ದೋಸೆ. ಕೆಲವು ಹೋಟೆಲಿನಲ್ಲಿ ಎರಡು, ಕೆಲವು ಕಡೆ ನಾಲ್ಕು. ಜೊತೆಗೆ ಸಾಗು. ಧಾರವಾಡದ ಗುರುಗಳ ಲೆಕ್ಕದಲ್ಲಿ ಇದು ಎರಡನೇ ಸೆಟ್, ಗುಂಪಿನದು.

ಜೂನಿಯರ್ ವಕೀಲೆ, ಕಲಬುರಗಿ

ಟೀಚರ್, ನಮ್ಮ ಕಡೆಯದು ಸ್ವಲ್ಪ ಉದ್ದ ಬರೀತೀನಿ. ಇದರಲ್ಲಿ ಜನರಿಗೆ ನಿಜವಾಗಿ ನಷ್ಟ ಆಗ್ತಿದೆ.

ಮೇಲಿನ ಕೋರ್ಟಿನ ಆದೇಶದ ಕೊನೆಯಲ್ಲಿ ‘ದಿ ಆರ್ಡರ್ ಈಸ್ ಸೆಟ್ ಅಸೈಡ್’ ಅಂತ ಬಂದರೆ ಕೆಳಗಿನ ಆದೇಶ ರದ್ದಾಯಿತು ಅಂತ. ಅಷ್ಟೇ, ಆ ಆದೇಶಕ್ಕೆ ಇನ್ನು ಜೀವ ಇಲ್ಲ. ಈಗ ಎಲ್ಲರೂ ಆದೇಶದ ಫೋಟೊ ತೆಗೆದು ಫೋನಿನಲ್ಲೇ ಅನುವಾದ ಮಾಡಿಕೊಳ್ಳುತ್ತಾರೆ. ‘ಆದೇಶವನ್ನು ಪಕ್ಕಕ್ಕೆ ಇಡಲಾಗಿದೆ’ ಅಂತ ಬಂದರೆ ಕನ್ನಡದಲ್ಲಿ ಅದಕ್ಕೆ ಏನರ್ಥ? ಆಮೇಲೆ ನೋಡೋಣ, ಸದ್ಯಕ್ಕೆ ಬದಿಗಿರಲಿ ಅಂತ. ಗೆದ್ದವರು ಇನ್ನೂ ತೀರ್ಪು ಬಾಕಿ ಇದೆ ಅಂದುಕೊಳ್ಳುತ್ತಾರೆ. ಸೋತವರೂ ಹಾಗೇ ಅಂದುಕೊಂಡು ಸುಮ್ಮನಿರುತ್ತಾರೆ, ಮೇಲ್ಮನವಿಯ ಗಡುವು ಓಡುತ್ತಾ ಇರುತ್ತದೆ.

ಅದೇ ಎರಡು ಪದ ಬಜೆಟ್ಟಿನಲ್ಲಿ ಬಂದರೆ ಅರ್ಥ ತಿರುವುಮುರುವು. ಹಣ ‘ಸೆಟ್ ಅಸೈಡ್’ ಮಾಡಿದ್ದಾರೆ ಅಂದರೆ ಮೀಸಲಿಟ್ಟಿದ್ದಾರೆ, ಕಾಪಾಡಿದ್ದಾರೆ. ಒಂದು ಕಡೆ ಅಳಿಸುವುದು, ಇನ್ನೊಂದು ಕಡೆ ಉಳಿಸುವುದು.

ಇನ್ನೊಂದು ‘ಸೆಟ್ ಆಫ್’. ಸಿವಿಲ್ ದಾವೆಯಲ್ಲಿ ನಾನು ನಿಮಗೆ ಕೊಡಬೇಕಾದ್ದರಲ್ಲಿ ನೀವು ನನಗೆ ಕೊಡಬೇಕಾದ್ದನ್ನು ಕಳೆದುಕೊಳ್ಳುವುದು, ಸಿವಿಲ್ ಪ್ರಕ್ರಿಯಾ ಸಂಹಿತೆಯ 8ನೇ ಆದೇಶದ 6ನೇ ನಿಯಮ. ಕ್ರಿಮಿನಲ್ ಕೇಸಿನಲ್ಲಿ ವಿಚಾರಣೆ ನಡೆಯುವಾಗ ಜೈಲಿನಲ್ಲಿ ಕಳೆದ ದಿನಗಳನ್ನು ಶಿಕ್ಷೆಯಲ್ಲಿ ಕಳೆಯುವುದು. ಮೊದಲು ದಂಡ ಪ್ರಕ್ರಿಯಾ ಸಂಹಿತೆಯ 428ನೇ ಕಲಂ, ಈಗ ನಾಗರಿಕ ಸುರಕ್ಷಾ ಸಂಹಿತೆಯ 468. ಜೈಲಿನಲ್ಲಿರುವವರ ಮನೆಯವರಿಗೆ ಇದೊಂದು ಪದ ತಿಳಿಸಿ ಹೇಳಿದರೆ ಮುಖದಲ್ಲಿ ಕಳೆ ಬರುತ್ತದೆ. ದಯವಿಟ್ಟು ನಿಮ್ಮ ಎರಡು ಪುಟದಲ್ಲಿ ‘ಸೆಟ್’ ಒಂದನ್ನೇ ಕೊಡಬೇಡಿ. ಹಿಂದೆ ಮುಂದೆ ಬರುವ ಪದದ ಜೊತೆ ಕೊಡಿ.

ಕನ್ನಡೀಕರಣ ಮಾಡುವವನು

ವಕೀಲೆ ಮೇಡಂ ಕೊನೆಯಲ್ಲಿ ಹೇಳಿದ್ದೇ ನಮ್ಮ ಕೆಲಸದ ಜೀವಾಳ. ನಾನು ಮುಕ್ತ ತಂತ್ರಾಂಶಗಳ ಪರದೆಯ ಮಾತುಗಳನ್ನು ಕನ್ನಡಕ್ಕೆ ತರುವ ಸ್ವಯಂಸೇವಕ. ನಮಗೆ ಬರುವ ಕಡತದಲ್ಲಿ ಮಾತುಗಳು ಬಿಡಿಬಿಡಿಯಾಗಿ ಇರುತ್ತವೆ. ಒಂದು ಸಾಲಿನಲ್ಲಿ ‘ಸೆಟ್’ ಅಂತ ಇದೆ, ಅಷ್ಟೇ. ಅದು ಅಲಾರಂ ಗುಂಡಿಯೋ, ಟೆನಿಸ್ ಆಟದ ಅಂಕಪಟ್ಟಿಯೋ, ಗಣಿತದ ಪಾಠವೋ? ಗುಂಡಿಯಾದರೆ ‘ಹೊಂದಿಸಿ’, ಟೆನಿಸ್ ಆದರೆ ‘ಸೆಟ್’ ಎಂದೇ, ಗಣಿತವಾದರೆ ‘ಗಣ’.

ಕಷ್ಟ ಎಲ್ಲಿದೆ ಎಂದರೆ ಇಂಗ್ಲಿಷಿನಲ್ಲಿ ಈ ಪದ ರೂಪ ಬದಲಿಸುವುದೇ ಇಲ್ಲ. ವರ್ತಮಾನಕ್ಕೂ ಸೆಟ್, ಭೂತಕ್ಕೂ ಸೆಟ್, ಆಗಿರುವುದಕ್ಕೂ ಸೆಟ್, ನಾಮಪದವೂ ಅದೇ, ವಿಶೇಷಣವೂ ಅದೇ. ಕನ್ನಡದಲ್ಲಿ ಇಡು, ಇಟ್ಟ, ಇಟ್ಟಿರುವ, ಇಡುವಿಕೆ ಎಂದು ಪ್ರತಿ ಹೆಜ್ಜೆಗೂ ಬೇರೆ ಬಟ್ಟೆ. ‘ಅಲಾರಂ ಸೆಟ್’ ಎಂದರೆ ‘ಅಲಾರಂ ಇಡಲಾಗಿದೆ’ ಎಂದೂ ಆಗಬಹುದು, ‘ಅಲಾರಂಗಳ ಗುಂಪು’ ಎಂದೂ ಆಗಬಹುದು. ಅದಕ್ಕೇ ಕಡತದಲ್ಲಿ ಪ್ರತಿ ಮಾತಿನ ಜೊತೆ ಸಂದರ್ಭ ಬರೆಯಲು ಒಂದು ಜಾಗ ಇರುತ್ತದೆ. ತಂತ್ರಾಂಶ ಬರೆಯುವವರು ಅಲ್ಲಿ ‘ಕ್ರಿಯಾಪದ, ಗುಂಡಿಯ ಮೇಲೆ’ ಎಂದು ನಾಲ್ಕಕ್ಷರ ಹಾಕಿದರೆ ಅನುವಾದಕರು ಬದುಕಿಕೊಳ್ಳುತ್ತಾರೆ. ಇಂಗ್ಲಿಷ್ ಒಂದನ್ನೇ ಬಲ್ಲವರಿಗೆ ಅದರ ಅಗತ್ಯವೇ ಹೊಳೆಯುವುದಿಲ್ಲ, ಹಾಗಾಗಿ ನಾವು ಮತ್ತೆ ಮತ್ತೆ ಕೇಳಬೇಕಾಗುತ್ತದೆ. ಕೇಳುವುದನ್ನು ನಿಲ್ಲಿಸಬಾರದು.

ಒಬ್ಬ ತಾಯಿ, ಇಂಗ್ಲೆಂಡಿನಿಂದ

ನಾನು ಮೂಲತಃ ಶಿವಮೊಗ್ಗದವಳು. ಇಲ್ಲಿನ ಶಾಲೆಗಳಲ್ಲಿ ‘ಸೆಟ್’ಗೆ ಇನ್ನೊಂದು ಅರ್ಥ ಇದೆ, ಭಾರತದಿಂದ ಹೊಸದಾಗಿ ಬಂದ ಅಪ್ಪ ಅಮ್ಮಂದಿರಿಗೆ ಅದು ತಿಳಿಯದೇ ತೊಂದರೆ ಆಗುತ್ತದೆ. ಮಕ್ಕಳನ್ನು ಒಂದೊಂದು ವಿಷಯದಲ್ಲಿ ಅವರ ಮಟ್ಟ ನೋಡಿ ಬೇರೆ ಬೇರೆ ಗುಂಪು ಮಾಡುತ್ತಾರೆ. ಟಾಪ್ ಸೆಟ್, ಸೆಟ್ 2, ಸೆಟ್ 3. ಗಣಿತದಲ್ಲಿ ಮೊದಲ ಸೆಟ್ಟಿನಲ್ಲಿರುವ ಮಗು ಇಂಗ್ಲಿಷಿನಲ್ಲಿ ಮೂರನೇದರಲ್ಲಿ ಇರಬಹುದು. ‘ನಿಮ್ಮ ಮಗ ಸೆಟ್ 3ರಲ್ಲಿದ್ದಾನೆ’ ಅಂತ ಶಾಲೆಯಿಂದ ಬಂದರೆ ನಮ್ಮವರು ಸೆಕ್ಷನ್ ಎ, ಬಿ, ಸಿ ಇದ್ದ ಹಾಗೆ ಅಂದುಕೊಂಡು ಸುಮ್ಮನಾಗುತ್ತಾರೆ.

ಅದು ಸುಮ್ಮನಿರುವ ವಿಷಯ ಅಲ್ಲ. 16ನೇ ವಯಸ್ಸಿಗೆ ಬರೆಯುವ ಜಿಸಿಎಸ್‌ಇ ಗಣಿತದಲ್ಲಿ ಎರಡು ಹಂತದ ಪ್ರಶ್ನೆಪತ್ರಿಕೆ ಇದೆ. ಕೆಳಗಿನ ಹಂತದ್ದನ್ನು ಬರೆದರೆ ಎಷ್ಟೇ ಚೆನ್ನಾಗಿ ಮಾಡಿದರೂ ಗ್ರೇಡ್ 5ಕ್ಕಿಂತ ಮೇಲೆ ಸಿಗುವುದಿಲ್ಲ. ಮೇಲಿನದರಲ್ಲಿ 9ರವರೆಗೂ ಹೋಗಬಹುದು. ಯಾವ ಸೆಟ್ಟಿನಲ್ಲಿದ್ದಾರೆ ಎನ್ನುವುದರ ಮೇಲೆ ಸಾಮಾನ್ಯವಾಗಿ ಯಾವ ಪತ್ರಿಕೆ ಎನ್ನುವುದು ನಿಂತಿರುತ್ತದೆ. ಇಲ್ಲಿನ ಕನ್ನಡ ಬಳಗಗಳಲ್ಲಿ ಯಾರಾದರೂ ಹೊಸಬರು ಸಿಕ್ಕರೆ ನಾನು ಮೊದಲು ಹೇಳುವುದು ಇದನ್ನೇ: ಟೀಚರನ್ನು ಕಂಡು ಸೆಟ್ ಯಾಕೆ, ಬದಲಾಗುವುದು ಯಾವಾಗ ಎಂದು ಕೇಳಿ.

ಸಿನಿಮಾ ಪುಟದವನು

ಇಂಗ್ಲಿಷಿಗೆ ಗೊತ್ತಿಲ್ಲದ ಒಂದು ಸೆಟ್ ನಮ್ಮಲ್ಲಿದೆ: ‘ಸೆಟ್ಟೇರು’. ಹೊಸ ಚಿತ್ರದ ಚಿತ್ರೀಕರಣ ಶುರುವಾಯಿತು ಅನ್ನಲು ಕನ್ನಡ ಪತ್ರಿಕೆಗಳಲ್ಲಿ ‘ಚಿತ್ರ ಸೆಟ್ಟೇರಿದೆ’ ಅಂತಲೇ ಬರೆಯುತ್ತೇವೆ. ಸ್ಟುಡಿಯೋದಲ್ಲಿ ಮರ, ಬಟ್ಟೆ, ಪ್ಲಾಸ್ಟರಿನಲ್ಲಿ ಮನೆ ಬೀದಿ ಕಟ್ಟುತ್ತಿದ್ದ ಕಾಲದ ಮಾತು. ಈಗ ಮೊದಲ ದಿನವೇ ಸಕಲೇಶಪುರದ ಕಾಡಿನಲ್ಲೋ ಬಯಲಿನಲ್ಲೋ ಕ್ಯಾಮೆರಾ ಇಟ್ಟರೂ ಸೆಟ್ಟೇರುವುದೇ. ತೊಟ್ಟಿಲೇರು, ಹಸೆಮಣೆ ಏರು, ಸಿಂಹಾಸನ ಏರು ಅಂತ ಇದ್ದ ಭಾಷೆಗೆ ಸೆಟ್ಟು ಸಿಕ್ಕಿತು, ಅದನ್ನೂ ಏರಿಸಿತು. ನನಗೆ ಬಹಳ ಇಷ್ಟದ ಪದ.

‘ಅವರಿಬ್ಬರಿಗೂ ಸೆಟ್ ಆಗಲ್ಲ’, ‘ನನಗೆ ಆ ಬಣ್ಣ ಸೆಟ್ ಆಗಲ್ಲ’ ಅನ್ನುವುದೂ ಇಂಗ್ಲಿಷಿನದಲ್ಲ. ಹೊಂದಾಣಿಕೆ ಅನ್ನುವ ಅರ್ಥವನ್ನು ನಾವು ತುಂಬಿಕೊಂಡಿದ್ದೇವೆ. ಟೀಚರ್ ಇದನ್ನು ಮಕ್ಕಳಿಗೆ ಹೇಳಲೇಬೇಕು. ಇದನ್ನೇ ಇಂಗ್ಲಿಷಿನಲ್ಲಿ ಬರೆದರೆ ಹೊರಗಿನವರಿಗೆ ಅರ್ಥವಾಗುವುದಿಲ್ಲ.

ಪದಕೋಶ ಪ್ರೇಮಿ, ಮೈಸೂರು

ಇಷ್ಟೆಲ್ಲ ಓದಿದ ಮೇಲೆ ನನ್ನದೊಂದು ಸೂಚನೆ. ‘ಸೆಟ್’ಗೆ ಸಮನಾಗಿ ಒಂದು ಕನ್ನಡ ಪದವನ್ನು ನಾವೇ ಗೊತ್ತುಮಾಡಿ ಎಲ್ಲ ಕಡೆ ಬಳಸಿದರೆ ಮಕ್ಕಳಿಗೆ ಸುಲಭವಲ್ಲವೇ? ಗಣಿತದವರು ‘ಗಣ’ ಎಂದು ಮಾಡಿಕೊಂಡ ಹಾಗೆ.

ಹೈಸ್ಕೂಲ್ ಟೀಚರ್ (ಹಾವೇರಿ ಜಿಲ್ಲೆ)

ಸರ್, ಇದಕ್ಕೆ ನಾನು ಒಪ್ಪಲಾರೆ. ಗಣಿತದಲ್ಲಿ ‘ಗಣ’ ನಿಂತದ್ದು ಅಲ್ಲಿ ಸೆಟ್‌ಗೆ ಒಂದೇ ಅರ್ಥ ಇರುವುದರಿಂದ. ಹತ್ತೊಂಬತ್ತನೇ ಶತಮಾನದಲ್ಲಿ ಜರ್ಮನಿಯ ಗೇಯಾರ್ಗ್ ಕ್ಯಾಂಟರ್ ಕಟ್ಟಿದ ಸಿದ್ಧಾಂತದ ಪಾರಿಭಾಷಿಕ ಪದ ಅದು, ಬೇಲಿ ಹಾಕಿದ ಹೊಲ. ಹಾಗಿದ್ದೂ ‘ಗಣ’ ನಮ್ಮಲ್ಲಿ ಒಂಟಿಯಲ್ಲ. ಛಂದಸ್ಸಿನಲ್ಲಿ ಮೂರು, ನಾಲ್ಕು, ಐದು ಮಾತ್ರೆಯ ಗಣ; ಶಿವಗಣ; ಗಣರಾಜ್ಯ. ನಮ್ಮ ಮಗು ಕನ್ನಡ ಪೀರಿಯಡ್ಡಿನಲ್ಲಿ ಗಣ ವಿಭಾಗ ಮಾಡಿ ಪ್ರಸ್ತಾರ ಹಾಕುತ್ತದೆ, ಮುಂದಿನ ಪೀರಿಯಡ್ಡಿನಲ್ಲಿ ಶೂನ್ಯ ಗಣ ಕಲಿಯುತ್ತದೆ. ಒಮ್ಮೆಯೂ ಗೊಂದಲ ಮಾಡಿಕೊಳ್ಳುವುದಿಲ್ಲ. ಅಕ್ಕಪಕ್ಕದ ಮಾತು ಕೇಳಿದ ಕೂಡಲೇ ಯಾವ ಗಣ ಎಂದು ಅದಕ್ಕೆ ಗೊತ್ತು.

ನಮ್ಮ ‘ಇಡು’ ನೋಡಿ. ಹೆಸರಿಡು, ಹೆಜ್ಜೆಯಿಡು, ಬೊಟ್ಟಿಡು, ಕನ್ನ ಇಡು, ಮೊಟ್ಟೆಯಿಡು, ಆಣೆಯಿಡು, ಮುಹೂರ್ತ ಇಡು, ಬೆಂಕಿಯಿಡು. ಕನ್ನಡ ಕಲಿಯುವ ಹೊರಗಿನವರಿಗೆ ಇದು ನಮ್ಮ ಮಕ್ಕಳಿಗೆ ಸೆಟ್ ಇದ್ದಷ್ಟೇ ಕಠಿಣ. ನಾವು ಯಾರೂ ಇದನ್ನು ಪಟ್ಟಿ ಮಾಡಿ ಕಲಿತವರಲ್ಲ, ಜೋಡಿಯಾಗಿ ಕೇಳಿ ಕಲಿತೆವು. ಆಕ್ಸ್‌ಫರ್ಡ್ ನಿಘಂಟಿನವರೂ ಕೋಣೆಯಲ್ಲಿ ಕೂತು ಅರ್ಥ ಊಹಿಸಲಿಲ್ಲ. 1879ರಲ್ಲಿ ಜೇಮ್ಸ್ ಮರೆ ಓದುಗರಿಗೆ ಕರೆ ಕೊಟ್ಟರು. ಜನ ಪುಸ್ತಕಗಳಿಂದ ವಾಕ್ಯ ಆರಿಸಿ ಚೀಟಿಯಲ್ಲಿ ಬರೆದು ಅಂಚೆಯಲ್ಲಿ ಕಳಿಸಿದರು. ಚೀಟಿಗಳನ್ನು ವಿಂಗಡಿಸಿ ಅರ್ಥ ಕಂಡುಕೊಂಡರು. ಮೊದಲ ಭಾಗ 1884ರಲ್ಲಿ, ಕೊನೆಯದು 1928ರಲ್ಲಿ. ನಮ್ಮ ಸಾಹಿತ್ಯ ಪರಿಷತ್ತಿನ ಎಂಟು ಸಂಪುಟದ ನಿಘಂಟಿಗೂ ಶಾಸನ, ಕಾವ್ಯಗಳ ಪ್ರಯೋಗವೇ ಆಧಾರ. ವಾಕ್ಯ ಮೊದಲು, ಅರ್ಥ ಆಮೇಲೆ.

ಅದಕ್ಕೇ ನನ್ನ ಎರಡು ಪುಟದಲ್ಲಿ ಅರ್ಥಗಳ ಪಟ್ಟಿ ಇರುವುದಿಲ್ಲ. ವಾಕ್ಯಗಳೇ ಇರುತ್ತವೆ, ನೀವು ಕೊಟ್ಟವು.

ಪದಕೋಶ ಪ್ರೇಮಿ, ಮೈಸೂರು

ನೀವು ಹೇಳುವುದರಲ್ಲಿ ಹುರುಳಿದೆ. ಆದರೂ ಆಡಳಿತದಲ್ಲಿ, ಕಾನೂನಿನಲ್ಲಿ ಒಂದಕ್ಕೆ ಒಂದು ಪದ ಗೊತ್ತಾಗಿರಬೇಕು ಎಂಬ ಮಾತನ್ನು ನಾನು ಬಿಡುವುದಿಲ್ಲ. ‘ಸೆಟ್ ಅಸೈಡ್’ ಎಲ್ಲ ಕೋರ್ಟುಗಳ ಅನುವಾದದಲ್ಲೂ ‘ರದ್ದು’ ಎಂದೇ ಬರಲಿ.

ಜೂನಿಯರ್ ವಕೀಲೆ, ಕಲಬುರಗಿ

ಅದಕ್ಕೆ ನನ್ನ ಪೂರ್ತಿ ಬೆಂಬಲ ಇದೆ ಸರ್.

ಚಿನ್ನದ ಕೆಲಸ, ಉಡುಪಿ

ತಡವಾಗಿ ನೋಡಿದೆ. ನಮ್ಮಲ್ಲಿ ಎರಡು ಸೆಟ್ಟೂ ಒಂದೇ ಅಂಗಡಿಯಲ್ಲಿ ಉಂಟು. ಗಿರಾಕಿಗಳು ಕೇಳುವ ಸೆಟ್ ಅಂದರೆ ನೆಕ್ಲೇಸ್, ಓಲೆ, ಬಳೆ ಎಲ್ಲ ಒಂದೇ ಮಾದರಿಯದ್ದು. ಒಳಗೆ ನಾವು ಮಾಡುವ ಸೆಟ್ಟಿಂಗ್ ಅಂದರೆ ಹರಳು ಕೂರಿಸುವುದು. ಹರಳಿನ ಅಳತೆಗೆ ಗೂಡು ಕೊರೆದು, ಅದು ಅಲ್ಲಾಡದ ಹಾಗೆ ಇಟ್ಟು, ಸುತ್ತಲಿನ ಚಿನ್ನದ ಅಂಚನ್ನು ಸ್ವಲ್ಪ ಸ್ವಲ್ಪವೇ ಒಳಕ್ಕೆ ಒತ್ತಬೇಕು. ಒಂದು ಬದಿ ಪೂರ್ತಿ ಒತ್ತಿ ಆಮೇಲೆ ಇನ್ನೊಂದು ಬದಿಗೆ ಹೋದರೆ ಹರಳು ವಾಲುತ್ತದೆ. ಎದುರುಬದುರು ಒತ್ತಬೇಕು: ಈ ಬದಿ, ಆ ಬದಿ, ಮೇಲೆ, ಕೆಳಗೆ. ಪಚ್ಚೆಯಾದರೆ ಇನ್ನೂ ಜಾಗ್ರತೆ, ಒಳಗೆ ಬಿರುಕು ಇರುವ ಕಲ್ಲು. ಕುಂದಣದಲ್ಲಿ ಬೆಸುಗೆಯೇ ಇಲ್ಲ. ಮೆದುವಾದ ಅಪ್ಪಟ ಚಿನ್ನದ ತಗಡನ್ನು ಹರಳಿನ ಸುತ್ತ ಒತ್ತಿ ಒತ್ತಿಯೇ ಹಿಡಿಸುವುದು. ಧಾರವಾಡದ ಗುರುಗಳು ‘ಕೂಡ್ರಿಸು’ ಅಂದದ್ದು ನೂರಕ್ಕೆ ನೂರು ಸರಿ. ನಾವು ‘ಹರಳು ಹಾಕು’ ಅಂತ ಹೇಳುವುದೇ ಇಲ್ಲ, ‘ಕೂರಿಸು’.

ಹಾಸನದ ಓದುಗ

ಗಣಪತಿ ಕೂರಿಸುವುದು, ಮುರಿದ ಮೂಳೆ ಕೂರಿಸುವುದು, ಹರಳು ಕೂರಿಸುವುದು! ಕ್ರಿಕೆಟ್ ಆಡುವಾಗ ಬ್ಯಾಟರ್ ಸೆಟ್ ಆಗಿದ್ದಾನೆ ಅನ್ನುವುದಕ್ಕೆ ನಮ್ಮ ಹುಡುಗರು ‘ಕಣ್ಣು ಕೂತಿದೆ’ ಅಂತಾರೆ. ಅದೂ ಅದೇ.

ಹೈಸ್ಕೂಲ್ ಟೀಚರ್ (ಹಾವೇರಿ ಜಿಲ್ಲೆ)

ಕರಡು ಮುಗಿಯುತ್ತಾ ಬಂದಿದೆ. ಒಂದು ವಾಕ್ಯದಲ್ಲಿ ಸಿಕ್ಕಿಹಾಕಿಕೊಂಡಿದ್ದೇನೆ. ಲೋಲಕದ ಪಾಠದಲ್ಲಿ ‘ದಿ ಪೆಂಡುಲಮ್ ಈಸ್ ಸೆಟ್ ಇಂಟು ಆಸಿಲೇಶನ್’ ಎಂದು ಬರುತ್ತದೆ. ಇಲ್ಲಿ ಕೂರಿಸುವುದೂ ಇಲ್ಲ, ಕಟ್ಟುವುದೂ ಇಲ್ಲ, ಗುಂಪೂ ಇಲ್ಲ. ನಿಂತದ್ದು ಚಲಿಸಲು ಶುರುವಾಗುತ್ತದೆ. ಮಕ್ಕಳಿಗೆ ಹೇಗೆ ಹೇಳಲಿ?

ಪಿಯು ಫಿಸಿಕ್ಸ್ ಉಪನ್ಯಾಸಕ, ಚಿತ್ರದುರ್ಗ

ಮೇಡಂ, ಲ್ಯಾಬಿನಲ್ಲಿ ನಾನು ಹೇಳುವುದು ಹೀಗೆ: ‘ಗುಂಡನ್ನು ಒಂದು ಬದಿಗೆ ಸ್ವಲ್ಪ ಎಳೆದು, ತಳ್ಳದೆ ಬಿಡಿ.’ ಆ ‘ಬಿಡಿ’ಯಲ್ಲೇ ನಿಮ್ಮ ಸೆಟ್ ಇದೆ. ಬರೆಯುವಾಗ ‘ಲೋಲಕವನ್ನು ತೂಗಲು ಬಿಟ್ಟಾಗ’ ಎಂದು ಹಾಕಿ. ಯಾವುದನ್ನಾದರೂ ಒಂದು ಸ್ಥಿತಿಯಲ್ಲಿ ಇಟ್ಟು, ಅದು ಆ ಸ್ಥಿತಿಯಲ್ಲೇ ಮುಂದುವರಿಯುವಂತೆ ಮಾಡುವುದು ಇಲ್ಲಿನ ಅರ್ಥ. ‘ಸೆಟ್ ಫ್ರೀ’ಯೂ ಇದೇ ಬಗೆಯದು, ಅಲ್ಲೂ ಕನ್ನಡದಲ್ಲಿ ‘ಬಿಡು’ ಬರುತ್ತದೆ: ಬಿಡುಗಡೆ. ‘ಸೆಟ್ ಎಕ್ಸ್ ಈಕ್ವಲ್ ಟು ಝೀರೊ’ಗೆ ‘ಎಕ್ಸ್‌ನ ಬೆಲೆ ಸೊನ್ನೆ ಎಂದಿಟ್ಟುಕೊಳ್ಳಿ’. ಅಲ್ಲಿ ನಿಮ್ಮ ‘ಇಡು’ ಬಂತು. ಎರಡನ್ನೂ ಒಂದೇ ಪುಟದಲ್ಲಿ ಎದುರುಬದುರು ಹಾಕಿ. ನಮ್ಮ ಕಾಲೇಜಿಗೆ ಜೂನಿನಲ್ಲಿ ಬರುವ ಕನ್ನಡ ಮಾಧ್ಯಮದ ಮಕ್ಕಳಿಗೆ ಹಂಚಲು ನನಗೂ ಒಂದು ಪ್ರತಿ ಕಳಿಸಿ, ಜೆರಾಕ್ಸ್ ನಾನೇ ಮಾಡಿಸಿಕೊಳ್ಳುತ್ತೇನೆ.